ನೊಣದ ಬೆನ್ನಿನ ಎರಡು ಕಡ್ಡಿ

"ಉಸ್ತಾದ್ರೇ, ಕುಸ್ತಿ ಆಡದವನಿಗೆ ಗರಡಿಮನೆಯಲ್ಲಿ ಜಾಗ ಯಾಕೆ?"

ಸಣ್ಣಜವರ ನನ್ನನ್ನು ಹೀಗೆ ಕೇಳಿದ. ಬೆಳಗಿನ ಸಾಮು ಆಗಷ್ಟೇ ಮುಗಿದಿತ್ತು. ಹುಡುಗರು ಮೈಗೆ ಮೆತ್ತಿದ ಮಣ್ಣು ಕೆರೆದುಕೊಳ್ಳುತ್ತಾ ನಿಂತಿದ್ದರು. ಅವನು ಕೈ ತೋರಿಸಿದ್ದು ಮೂಲೆಯ ಕಲ್ಲಿನ ಮೇಲೆ ಕೂತಿದ್ದ ಹೊಂಬಾಳಯ್ಯನ ಕಡೆಗೆ.

ಸಣ್ಣಜವರ ನನ್ನ ಶಿಷ್ಯರಲ್ಲೆಲ್ಲ ಗಟ್ಟಿಗ. ದ್ಯಾವಣ್ಣ ತಯಾರು ಮಾಡಿದ ಹುಡುಗ ಎಂದ ಮೇಲೆ ಬೇರೆ ಹೊಗಳಿಕೆ ಬೇಕಿಲ್ಲ. ದ್ಯಾವಣ್ಣ ಎಂದರೆ ನಾನು. ಹರೆಯದಲ್ಲಿ ನಾನು ಬಸ್ಕಿ ಹೊಡೆದರೆ ಪಕ್ಕದ ಬೀದಿಯ ಬಾವಿಯಲ್ಲಿ ನೀರು ತುಳುಕುತ್ತಿತ್ತು. ನೀರು ಸೇದಲು ಬಂದ ಹೆಂಗಸರು, "ದ್ಯಾವಣ್ಣ, ಒಂದು ಗಳಿಗೆ ನಿಲ್ಲಿಸಪ್ಪ, ಕೊಡ ತುಂಬಿಸಿಕೊಂಡು ಹೋಗ್ತೀವಿ" ಎಂದು ಬಾಗಿಲಿಗೆ ಬಂದು ಕೇಳಿಕೊಂಡದ್ದಿದೆ. ಕುಸ್ತಿಯಲ್ಲಿ ಬೆನ್ನು ಮಣ್ಣಿಗೆ ತಾಗಿದರೆ ಸೋಲು. ನನ್ನ ಬೆನ್ನಿಗೆ ಮಣ್ಣು ಮೆತ್ತುವ ಗಂಡಸು ನಾಲ್ಕು ಜಿಲ್ಲೆಯಲ್ಲಿ ಹುಟ್ಟಿಲ್ಲ ಎಂದು ನಲವತ್ತು ವರ್ಷದಿಂದ ಹೇಳುತ್ತಾ ಬಂದಿದ್ದೇನೆ. ಯಾರೂ ಎದುರು ಮಾತಾಡಿಲ್ಲ.

ಹೊಂಬಾಳಯ್ಯನ ಕೆಲಸ ಬಹಳ ಸಣ್ಣದು. ಜೋಡಿ ಕುಸ್ತಿಯ ಮಣ್ಣಿನ ಕಣಕ್ಕೆ, ಮಟ್ಟಿಗೆ, ಇಳಿದಾಗ ಅವನು ಕೂತು ನೋಡುತ್ತಾನೆ. ನಡುವೆ ಒಮ್ಮೊಮ್ಮೆ "ಎಡ" ಎನ್ನುತ್ತಾನೆ. ಇಲ್ಲವೇ "ಬಲ" ಎನ್ನುತ್ತಾನೆ. ಮೂರನೆಯ ಮಾತು ಅವನ ಬಾಯಿಂದ ಬಂದದ್ದನ್ನು ಈಗಿನ ಹುಡುಗರು ಕೇಳಿಲ್ಲ. ಅದಕ್ಕೇ ಅವನಿಗೆ ಎಡಬಲದಜ್ಜ ಎಂದು ಹೆಸರಿಟ್ಟಿದ್ದಾರೆ.

"ಎಂಟು ದಿನಕ್ಕೆ ಪಂದ್ಯ ಇದೆ ಉಸ್ತಾದ್ರೇ" ಎಂದ ಸಣ್ಣಜವರ. "ನಾನು ಪಟ್ಟು ಹಾಕೋ ಹೊತ್ತಿಗೆ ಈ ಅಜ್ಜ ಎಡ ಅಂತಾನೆ. ನನಗೆ ನನ್ನ ಎಡಗೈ ಯಾವುದು ಅಂತ ಗೊತ್ತಿಲ್ವಾ? ತಲೆ ಕೆಡುತ್ತೆ. ಒಂದು ದಿನ ಮಟ್ಟಿಗೆ ಇಳಿದವನಲ್ಲ, ಒಂದು ದಂಡ ಹೊಡೆದವನಲ್ಲ. ಹಾಲು ಬಾದಾಮಿಯಲ್ಲಿ ಮಾತ್ರ ಪಾಲು. ಅವನನ್ನ ಕಳಿಸಿ. ಇಲ್ಲಾಂದ್ರೆ ನಾನು ಬೇರೆ ಗರಡಿ ನೋಡ್ಕೋತೀನಿ."

ಹುಡುಗರು ಮೈ ಕೆರೆಯುವುದನ್ನು ನಿಲ್ಲಿಸಿದರು. ಹೊಂಬಾಳಯ್ಯ ಎಲ್ಲವನ್ನೂ ಕೇಳಿಸಿಕೊಂಡ. ಎದ್ದು ಟವಲ್ಲು ಕೊಡವಿ ಹೆಗಲಿಗೆ ಹಾಕಿಕೊಂಡ. ಚಪ್ಪಲಿ ಹುಡುಕತೊಡಗಿದ.

"ಚಪ್ಪಲಿ ಎಲ್ಲಿಗೂ ಓಡಿ ಹೋಗಲ್ಲ, ಕೂತ್ಕೋ" ಎಂದೆ ಅವನಿಗೆ. ಸಣ್ಣಜವರನಿಗೆ, "ಒಂದು ಕತೆ ಹೇಳ್ತೀನಿ. ಕೇಳಿದ ಮೇಲೆ ನೀನು ಯಾರನ್ನು ಕಳಿಸು ಅಂತೀಯೋ ಅವರನ್ನ ಕಳಿಸ್ತೀನಿ" ಎಂದೆ.

ಮಟ್ಟಿಯ ಅಂಚಿನ ಕಟ್ಟೆಯ ಮೇಲೆ ಕೂರಲು ಹೋದೆ. "ಬಲ" ಎಂದ ಹೊಂಬಾಳಯ್ಯ. ಬಲಕ್ಕೆ ಸರಿದು ಕೂತೆ. ಎಡಗಡೆಯ ಕಲ್ಲು ಸಡಿಲವಾಗಿ ಅಲುಗುತ್ತಿತ್ತು. ಆಮೇಲೆ ಕತೆ ಶುರು ಮಾಡಿದೆ.

ಒಂದು ಊರಿನಲ್ಲಿ ಒಬ್ಬ ವ್ಯಾಪಾರಿ ಇದ್ದ. ಊರಿನವರೆಲ್ಲ ತಲೆ ಎತ್ತಿ ತನ್ನನ್ನು ನೋಡಬೇಕು ಎಂಬುದು ಅವನ ಆಸೆ. ಆನೆ ಹತ್ತಿದ. ನೋಡಿದರು. ಮಾಳಿಗೆ ಹತ್ತಿದ. ನೋಡಿದರು. ಅದೂ ಸಾಲದೆ ಬಡಗಿಯನ್ನು ಕರೆಸಿ, ಆಕಾಶದಲ್ಲಿ ಕೂರಲು ಏನಾದರೂ ಮಾಡಿಕೊಡು ಎಂದ. ಆ ಬಡಗಿ ನನ್ನ ಮುತ್ತಜ್ಜನ ಊರಿನವನು. ಸುಳ್ಳು ಎನ್ನುವವನು ಈಗಲೇ ಮಟ್ಟಿಗೆ ಇಳಿಯಬಹುದು.

ಬಡಗಿ ಹದ್ದನ್ನು ನೋಡಲಿಲ್ಲ. ಹದ್ದು ಹತ್ತಿರಕ್ಕೆ ಬರುವುದಿಲ್ಲ. ಅವನು ತಿಪ್ಪೆಯ ಪಕ್ಕದಲ್ಲಿ ಒಂದು ಮಣೆ ಹಾಕಿಕೊಂಡು ಕೂತ. ನೊಣವನ್ನು ನೋಡಿದ.

ನೊಣ ಹುಟ್ಟುವಾಗ ನೊಣವಲ್ಲ. ಕಾಲಿಲ್ಲದ, ರೆಕ್ಕೆಯಿಲ್ಲದ ಬಿಳಿ ಹುಳು. ಹೊಟ್ಟೆ ತುಂಬ ತಿಂದು ಒಂದು ಕಂದು ಚಿಪ್ಪಿನಲ್ಲಿ ಮುಚ್ಚಿಕೊಳ್ಳುತ್ತದೆ. ಚಿಪ್ಪು ಒಡೆದು ಹೊರಗೆ ಬಂದದ್ದಕ್ಕೆ ರೆಕ್ಕೆ ಇರುತ್ತದೆ, ಆದರೆ ಹಿಂಡಿಟ್ಟ ಒದ್ದೆ ಬಟ್ಟೆಯ ಹಾಗೆ. ನೊಣ ಉಸಿರು ಕಟ್ಟಿ ಮೈ ಬಿಗಿಯುತ್ತದೆ. ಮೈಯ ರಸ ರೆಕ್ಕೆಯ ನರಗಳಿಗೆ ನುಗ್ಗುತ್ತದೆ. ಮಡಿಕೆ ಬಿಚ್ಚುತ್ತದೆ. ಒಣಗಿದ ಮೇಲೆ ಗಂಜಿಯ ಕೆನೆಯಷ್ಟು ತೆಳುವಾಗಿ, ಬಿದಿರ ಸೀಳಿನಷ್ಟು ಸೆಟೆದು ನಿಲ್ಲುತ್ತದೆ.

ಬಡಗಿ ಹಾಗೆಯೇ ಮಾಡಿದ. ಪೊಳ್ಳು ಬಿದಿರನ್ನು ಸೀಳಿ ನರ ಕಟ್ಟಿದ. ಮುಂದಿನ ಅಂಚಿಗೆ ದಪ್ಪ, ಹಿಂದಿನ ಅಂಚಿಗೆ ತೆಳು. ಮೇಲೆ ರೇಷ್ಮೆ ಬಿಗಿದು ಗಂಜಿ ಬಳಿದ. ತೇರಿನಷ್ಟು ದೊಡ್ಡ ಮರದ ನೊಣ ಅವನ ಅಂಗಳದಲ್ಲಿ ಎದ್ದು ನಿಂತಿತು.

ರೆಕ್ಕೆ ಬಡಿಯುವುದು ಹೇಗೆ? ಅದನ್ನೂ ನೊಣದಿಂದಲೇ ಕಲಿತ. ನೊಣ ರೆಕ್ಕೆಯನ್ನು ಹಿಡಿದು ಎಳೆಯುವುದಿಲ್ಲ. ಎದೆಯನ್ನೇ ತಿದಿಯ ಹಾಗೆ ಒತ್ತುತ್ತದೆ. ಎದೆಯ ಮೇಲ್ಭಾಗ ತಗ್ಗಿದರೆ ರೆಕ್ಕೆ ಮೇಲಕ್ಕೆ, ಉಬ್ಬಿದರೆ ರೆಕ್ಕೆ ಕೆಳಕ್ಕೆ. ಬಡಗಿ ಮರದ ಎದೆಗೂಡಿನೊಳಗೆ ಹಗ್ಗ ಕಟ್ಟಿದ. ಎಳೆಯಲು ಎಂಟು ಜನ ಪೈಲ್ವಾನರನ್ನು ಕೂರಿಸಿದ.

"ಎಂಟು ಜನ ಕೂತ್ರೆ ಅದು ಏಳುತ್ತಾ ಉಸ್ತಾದ್ರೇ?" ಎಂದು ಸಣ್ಣಜವರ ನಡುವೆ ಬಾಯಿ ಹಾಕಿದ.

"ಆಗಿನ ಪೈಲ್ವಾನರು ನಿನ್ನ ಹಾಗೆ ಬೆಣ್ಣೆ ತಿಂದು ಬೀಗಿದವರಲ್ಲ ಕಣೋ" ಎಂದೆ. ಹುಡುಗರು ನಕ್ಕರು. ಕತೆ ಮುಂದುವರಿಸಿದೆ.

ಬಡಗಿ ಇನ್ನೊಂದನ್ನು ಗಮನಿಸಿದ್ದ. ಚಿಟ್ಟೆಗೆ ನಾಲ್ಕು ರೆಕ್ಕೆ. ಜೇನಿಗೆ ನಾಲ್ಕು. ಮಕ್ಕಳು ಏರೋಪ್ಲೇನ್ ಚಿಟ್ಟೆ ಅನ್ನುತ್ತಾರಲ್ಲ, ಅದಕ್ಕೂ ನಾಲ್ಕು. ಜೀರುಂಡೆಗೂ ನಾಲ್ಕೇ; ಮುಂದಿನ ಜೋಡಿ ಗಟ್ಟಿಯಾಗಿ ಹಿಂದಿನ ಜೋಡಿಗೆ ಮುಚ್ಚಳವಾಗಿದೆ. ನೊಣಕ್ಕಾದರೋ ಎರಡೇ. ಹಿಂದಿನ ಎರಡು ರೆಕ್ಕೆ ಇರಬೇಕಾದ ಜಾಗದಲ್ಲಿ ಎರಡು ಕಡ್ಡಿಗಳಿವೆ. ಒಂದೊಂದರ ತುದಿಗೂ ರಾಗಿ ಕಾಳಿಗಿಂತ ಸಣ್ಣ ಗುಂಡು. ನೊಣ ಹಾರುವಾಗ ಅವೂ ಬಡಿಯುತ್ತವೆ. ರೆಕ್ಕೆ ಮೇಲಕ್ಕೆ ಹೋದರೆ ಅವು ಕೆಳಕ್ಕೆ, ರೆಕ್ಕೆ ಕೆಳಕ್ಕೆ ಬಂದರೆ ಅವು ಮೇಲಕ್ಕೆ. ಗಾಳಿಯನ್ನು ಒಂದಿಷ್ಟೂ ತಳ್ಳುವುದಿಲ್ಲ.

ಬಡಗಿ ಒಂದು ನೊಣವನ್ನು ಹಿಡಿದು ಆ ಎರಡು ಕಡ್ಡಿಗಳನ್ನು ಚಿವುಟಿ ಬಿಟ್ಟ. ರೆಕ್ಕೆಗೆ ಏನೂ ಆಗಿರಲಿಲ್ಲ. ನೊಣ ಎದ್ದಿತು, ಬುಗುರಿಯ ಹಾಗೆ ತಿರುಗಿತು, ನೆಲಕ್ಕೆ ಬಿತ್ತು. ಮತ್ತೆ ಎದ್ದಿತು, ಮತ್ತೆ ಬಿತ್ತು. ಬಡಗಿ ಆ ಹೊತ್ತು ಊಟ ಮಾಡಲಿಲ್ಲ. ಮರದ ನೊಣಕ್ಕೂ ಎರಡು ಕಡ್ಡಿ ಕೂರಿಸಿದ. ತುದಿಗೆ ತೆಂಗಿನಕಾಯಿ ಗಾತ್ರದ ಗುಂಡು. ಬುಡದಿಂದ ಒಂದು ದಾರ ಎಳೆದು ಒಳಗಿದ್ದ ಪೈಲ್ವಾನರ ಕೈಗೆ ಕಟ್ಟಿದ. ನೊಣ ಎಡಕ್ಕೆ ವಾಲಿದರೆ ದಾರ ಜಗ್ಗುತ್ತಿತ್ತು. ಅವರು ಬಲಕ್ಕೆ ಎಳೆಯುತ್ತಿದ್ದರು.

ಮೊದಲ ದಿನ ವ್ಯಾಪಾರಿ ಹತ್ತಿ ಕೂತ. ಮರದ ನೊಣ ಹುಣಿಸೆಮರದ ಎತ್ತರಕ್ಕೆ ಎದ್ದು ಊರನ್ನು ಮೂರು ಸುತ್ತು ಹಾಕಿ ಇಳಿಯಿತು. ಊರಿನವರು ಕತ್ತು ನೋಯುವ ತನಕ ನೋಡಿದರು. ಮೂರು ದಿನ ಯಾರೂ ಕತ್ತು ಬಗ್ಗಿಸಲಾಗದೆ ನಿಂತೇ ಉಂಡರು.

ವ್ಯಾಪಾರಿಗೆ ಒಂದೇ ಕೊರತೆ ಕಂಡಿತು. ಆ ಕಡ್ಡಿಗಳು ಅವನ ಕೂರುಮಣೆಯ ಹಿಂದೆಯೇ ಅದುರುತ್ತಿದ್ದವು. ಅವನ ರುಮಾಲು ಅಲುಗುತ್ತಿತ್ತು. ರುಮಾಲು ಅಲುಗುವ ಮನುಷ್ಯನನ್ನು ಕಂಡರೆ ಜನಕ್ಕೆ ಮರ್ಯಾದೆ ಹುಟ್ಟುವುದಿಲ್ಲ ಎಂದು ಅವನ ಎಣಿಕೆ.

"ಇವೆರಡನ್ನು ಗರಗಸ ಹಾಕಿ ಕುಯ್ದುಬಿಡು. ಗಾಳಿ ತಳ್ಳದ ಕಡ್ಡಿ ನನಗೇಕೆ?" ಎಂದ.

"ಬೇಡಿ ಸಾಹುಕಾರರೇ" ಎಂದ ಬಡಗಿ. "ಇವೂ ಒಂದು ಕಾಲಕ್ಕೆ ರೆಕ್ಕೆಗಳೇ. ನಾಲ್ಕೂ ಗಾಳಿ ತಳ್ಳಲು ಹೊರಟರೆ ಮುಂದಿನದು ಕಲಕಿದ ಗಾಳಿ ಹಿಂದಿನದಕ್ಕೆ ಬಡಿಯುತ್ತದೆ. ಆಗ ಹಿಂದಿನದು, ನೀನು ಹಾರು, ನೀನು ಎತ್ತ ವಾಲುತ್ತೀಯೋ ಅದನ್ನು ನಾನು ಹೇಳುತ್ತೇನೆ ಎಂದಿತು. ಅಂದಿನಿಂದ ಒಂದೊಂದು ತಲೆಮಾರಿಗೆ ಒಂದಿಷ್ಟು ಕುಗ್ಗುತ್ತಾ ಬಂತು. ಹೀಗೆ ಕಡ್ಡಿಯಾಗಲು ಎಷ್ಟು ಲಕ್ಷ ತಲೆಮಾರು ಹಿಡಿಯಿತೋ, ನನಗೆ ಎಣಿಸಲು ಬರುವುದಿಲ್ಲ."

"ಒಂದು ಕಾಲಕ್ಕೆ ರೆಕ್ಕೆಯಾಗಿದ್ದರೆ ಆಗ ಬೇಕಾಗಿತ್ತು. ಈಗ ಕಡ್ಡಿ, ಈಗ ಬೇಡ" ಎಂದ ವ್ಯಾಪಾರಿ. ತಾನೇ ಗರಗಸ ಹಿಡಿದು ಕುಯ್ದ.

ಮಾರನೆಯ ದಿನ ಮರದ ನೊಣ ಮತ್ತೆ ಎದ್ದಿತು. ರುಮಾಲು ಅಲುಗಲಿಲ್ಲ. ವ್ಯಾಪಾರಿ ಕೆಳಗಿದ್ದ ಜನಕ್ಕೆ ಕೈ ಬೀಸಿದ. ಕೈ ಬೀಸಿದ ಕಡೆಗೆ ನೊಣ ಕೂದಲೆಳೆಯಷ್ಟು ವಾಲಿತು. ದಾರ ಜಗ್ಗಲಿಲ್ಲ. ಎದೆಗೂಡಿನೊಳಗೆ ಕತ್ತಲೆ, ಪೈಲ್ವಾನರಿಗೆ ಹೊರಗಿನದು ಏನೂ ಕಾಣದು. ಏನೋ ಸರಿಯಿಲ್ಲ ಎಂದು ಅವರು ಇನ್ನೂ ಬಲವಾಗಿ ಎಳೆದರು. ಅವರು ಎಳೆದಷ್ಟೂ ಅದು ಸುತ್ತಿತು. ಎಂಟು ಜನರ ಬಲವೆಲ್ಲ ಸುತ್ತುವುದಕ್ಕೇ ಹೋಯಿತು. ಆ ಗಾಳಿಗೆ ಮೂರು ಬೀದಿಯ ಹೆಂಚು ಹಾರಿ ಪಕ್ಕದ ಊರಿನ ಮನೆಗಳ ಮೇಲೆ ಸಾಲಾಗಿ ಕೂತವು. ನೊಣ ತಲೆಕೆಳಗಾಗಿ ಬಂದು ತಿಪ್ಪೆಯ ಮೇಲೆ ಬಿತ್ತು.

ಪೈಲ್ವಾನರು ಎದ್ದು ಮೈ ಕೊಡವಿಕೊಂಡರು. ಅವರಿಗೆ ಬೀಳುವುದು ಗೊತ್ತು. ವ್ಯಾಪಾರಿಯ ಸೊಂಟ ಮುರಿದಿತ್ತು. ಅವನು ಮತ್ತೆ ಎದ್ದು ನಡೆಯಲಿಲ್ಲ. ಬಡಗಿ ಓಡಿ ಬಂದು ಅವನ ತಲೆಯನ್ನು ತೊಡೆಯ ಮೇಲೆ ಇಟ್ಟುಕೊಂಡ.

"ರೆಕ್ಕೆ ಮುರಿಯಿತೇನೋ?" ಎಂದು ವ್ಯಾಪಾರಿ ಕೇಳಿದ.

"ಇಲ್ಲ ಸಾಹುಕಾರರೇ, ಎರಡು ರೆಕ್ಕೆಯೂ ಗಟ್ಟಿಯಾಗಿವೆ" ಎಂದ ಬಡಗಿ.

ಕತೆಯನ್ನು ಅಲ್ಲಿಗೆ ಮುಗಿಸಿದೆ. ಹುಡುಗರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಹೊಂಬಾಳಯ್ಯ ತಲೆ ತಗ್ಗಿಸಿ ಟವಲ್ಲಿನ ಅಂಚನ್ನು ಬೆರಳಿಗೆ ಸುತ್ತಿಕೊಳ್ಳುತ್ತಿದ್ದ.

ಸಣ್ಣಜವರ ಸುಲಭಕ್ಕೆ ಬಗ್ಗುವವನಲ್ಲ. ಹಾಗೆ ಬಗ್ಗದಿರಲಿ ಎಂದೇ ನಾನು ಅವನನ್ನು ಬೆಳೆಸಿದ್ದು. ಅವನು ಸೊಂಟದ ಮೇಲೆ ಕೈ ಇಟ್ಟುಕೊಂಡು ನಿಂತ.

"ಕತೆ ಚೆನ್ನಾಗಿದೆ ಉಸ್ತಾದ್ರೇ. ನಾನು ರೆಕ್ಕೆ, ಈ ಅಜ್ಜ ಕಡ್ಡಿ, ಅಷ್ಟೇ ತಾನೇ? ಆದರೆ ನಿಮ್ಮ ಬಡಗಿಯೇ ಹೇಳಿದ್ನಲ್ಲ, ಆ ಕಡ್ಡಿನೂ ಒಂದು ಕಾಲಕ್ಕೆ ರೆಕ್ಕೆ ಆಗಿತ್ತು ಅಂತ. ಅದು ಹಾರಿ ಬಂದದ್ದು, ಅದಕ್ಕೇ ವಾಲೋದು ಅದಕ್ಕೆ ತಿಳಿಯುತ್ತೆ. ಒಪ್ಪಿದೆ. ಈ ಅಜ್ಜ ಯಾವ ಕಾಲಕ್ಕೆ ಏನಾಗಿದ್ದ? ಅದನ್ನ ಹೇಳಿ. ಹೇಳಿದ್ರೆ ನಾನು ಬಾಯಿ ಮುಚ್ಕೊಂಡು ಮಟ್ಟಿಗೆ ಇಳೀತೀನಿ."

ಕೇಳಬೇಕಾದ ಪ್ರಶ್ನೆಯನ್ನೇ ಕೇಳಿದ. ನಲವತ್ತು ವರ್ಷದಲ್ಲಿ ಯಾರೂ ಕೇಳಿರಲಿಲ್ಲ.

ಹೊಂಬಾಳಯ್ಯ ತಲೆ ಎತ್ತಿ ನನ್ನನ್ನು ನೋಡಿದ. ಬೇಡ ಎನ್ನುವಂತೆ ಕೈ ಅಲ್ಲಾಡಿಸಿದ. ನಾನು ಅಂಗಿ ಕಳಚಿ ಕಟ್ಟೆಯ ಮೇಲೆ ಇಟ್ಟೆ. ಎದ್ದು ನಿಂತು ಹುಡುಗರಿಗೆಲ್ಲ ಕಾಣುವ ಹಾಗೆ ಬೆನ್ನು ತಿರುಗಿಸಿದೆ.

"ಈ ಬೆನ್ನಿಗೆ ಮೂರು ಸಲ ಮಣ್ಣು ಮೆತ್ತಿದ ಗಂಡಸು ಒಬ್ಬನಿದ್ದಾನೆ ಜವರ. ಒಂದು ಗರಡಿಗೆ ಇಬ್ಬರು ಉಸ್ತಾದರು ಬೇಡ ಅಂತ ಅವನೇ ಎದ್ದು ಹೋಗಿ ಆ ಕಲ್ಲಿನ ಮೇಲೆ ಕೂತ."