ದೊರೆಯ ಕಸುವು ಎಲ್ಲಿ ಹೋಯಿತು

"ಕೇಳಿರಯ್ಯಾ ಕೇಳಿ! ಬಲ್ಲರಸ ದೊರೆಯ ಕಸುವನ್ನು ಯಾರೋ ಕದಿಯುತ್ತಿದ್ದಾರೆ. ರಾಜಕುಮಾರಿ ಚಾಗಲದೇವಿಯವರ ಮೂರು ಒಗಟು ಬಿಡಿಸಿದವರಿಗೆ ಕೇಳಿದ್ದನ್ನು ಕೊಡಲಾಗುವುದು. ತಪ್ಪು ಹೇಳಿದವರ ತಲೆ ಕೋಟೆಬಾಗಿಲಿಗೆ ಏರುವುದು!"

ಡಂಗುರದವನು ಬೀದಿಬೀದಿಯಲ್ಲಿ ಹೀಗೆ ಸಾರಿಕೊಂಡು ಹೋದ. ಜನ ಕೇಳಿ, ಒಬ್ಬರ ಮುಖ ಒಬ್ಬರು ನೋಡಿ, ಕದ ಮುಚ್ಚಿಕೊಂಡರು.

ಆ ನಾಡಿನಲ್ಲಿ ಗಟ್ಟಿವಿದ್ಯೆ ಎಂಬುದೊಂದಿತ್ತು. ಬಲ್ಲವನು ಮಂತ್ರ ಹೇಳಿ ಕೈಯಾಡಿಸಿದರೆ ಮಣ್ಣಿನ ಮಡಕೆ ಸುತ್ತಿಗೆಯ ಏಟಿಗೂ ಒಡೆಯುತ್ತಿರಲಿಲ್ಲ, ಹತ್ತಿಯ ಬಟ್ಟೆ ಬಾಣವನ್ನು ತಡೆಯುತ್ತಿತ್ತು. ಅರಮನೆಯಲ್ಲಿ ಆ ಕೆಲಸ ಕೇತಯ್ಯನದು. ದೊರೆ ಸೊರಗುತ್ತಾ ಬಂದು ಅನ್ನದ ತುತ್ತನ್ನೂ ಎತ್ತಲಾರದಂತಾದಾಗ ಎಲ್ಲರ ಕಣ್ಣು ಕೇತಯ್ಯನ ಮೇಲೆ ಬಿತ್ತು. ರಾಜಕುಮಾರಿ ಅವನಿಗೆ ಸಂಕೋಲೆ ತೊಡಿಸಿ ವಿಚಾರಿಸಿದಳು. ಅವನು ಬಾಯಿ ಬಿಡಲಿಲ್ಲ.

ಕೇತಯ್ಯನ ತಮ್ಮ ಬೀಚ ಊರಾಚೆ ಹಗ್ಗ ಹೊಸೆದು ಬದುಕುತ್ತಿದ್ದ. ಡಂಗುರ ಕೇಳಿದ ಮೇಲೆ ಅವನಿಗೆ ಊಟ ಸೇರಲಿಲ್ಲ. ಅಣ್ಣ ಅಂಥವನಲ್ಲ ಎಂದು ಮನಸ್ಸು ಹೇಳುತ್ತಿತ್ತು. ಹಾಗಾದರೆ ಯಾಕೆ ಸುಮ್ಮನಿದ್ದಾನೆ ಎಂದು ಅದೇ ಮನಸ್ಸು ಕುಟುಕುತ್ತಿತ್ತು. ಕೊನೆಗೆ ಎದ್ದು ಅರಮನೆಗೆ ಹೊರಟ.

ಓಲಗದಲ್ಲಿ ದೊರೆಯನ್ನು ಮಂಚದ ಮೇಲೆ ಮಲಗಿಸಿದ್ದರು. ಕೇತಯ್ಯ ಕಂಬಕ್ಕೆ ಕಟ್ಟಿಸಿಕೊಂಡು ನಿಂತಿದ್ದ. ನೀಲಿ ಹೊದಿಕೆ ಹೊದ್ದ ರಾಜಕುಮಾರಿ, ಬೀಚನಿಗಿಂತ ಮೊದಲು ಬಂದಿದ್ದವರಿಗೆ ಒಗಟು ಹೇಳುತ್ತಿದ್ದಳು.

"ಮಂತ್ರಿಸಿದ ಕತ್ತಿ ಬಂಡೆಯನ್ನು ಸೀಳಿತು, ಮಂತ್ರಿಸಿದ ಬಟ್ಟೆ ಬಾಣವನ್ನು ತಡೆಯಿತು. ಎರಡೂ ಉಂಡದ್ದು ಒಂದೇ ಊಟ. ಯಾವುದು?"

"ಬೆಂಕಿ," ಎಂದ ಸಾಮಂತನ ಮಗ ರೇಚರಸ. ಕಾವಲಿನವರು ಅವನನ್ನು ಎಳೆದುಕೊಂಡು ಹೋದರು.

"ಮಂತ್ರದ ಅಕ್ಷರ," ಎಂದ ಪರನಾಡಿನ ಮಂತ್ರವಾದಿ. ಅವನನ್ನೂ ಎಳೆದೊಯ್ದರು.

ಬೀಚನ ಸರದಿ ಬಂತು. "ಮನುಷ್ಯನ ಕಸುವು, ತಾಯಿ. ನಾನು ಹಗ್ಗಕ್ಕೆ ಸಣ್ಣದೊಂದು ಮಂತ್ರ ಹೇಳುತ್ತೇನೆ. ಹಗ್ಗ ಗಟ್ಟಿಯಾಗುತ್ತದೆ, ನನ್ನ ತೋಳು ಸೋಲುತ್ತದೆ. ಯಾರದಾದರೂ ಬಲ ಹೋಗದೆ ಯಾವ ವಸ್ತುವೂ ಗಟ್ಟಿಯಾಗುವುದಿಲ್ಲ."

"ಯಾರು ಕಲಿಸಿದರು?"

ಬೀಚ ಕಂಬದ ಕಡೆ ನೋಡಿದ. "ನಮ್ಮಣ್ಣ."

ಕಾವಲಿನವರ ಕೈ ಕತ್ತಿಯ ಹಿಡಿಗೆ ಹೋಯಿತು. "ಹಾಗಾದರೆ ಉತ್ತರವನ್ನೂ ಅವನೇ ಹೇಳಿಕೊಟ್ಟಿರಬೇಕು," ಎಂದಳು ರಾಜಕುಮಾರಿ.

"ಸೆರೆಯಲ್ಲಿದ್ದವನ ಹತ್ತಿರ ನೊಣ ಸುಳಿಯಲೂ ನೀವು ಬಿಟ್ಟಿಲ್ಲವಲ್ಲ, ತಾಯಿ."

ಅವಳು ಅವನನ್ನೇ ದಿಟ್ಟಿಸಿ ಎರಡನೆಯದನ್ನು ಹೇಳಿದಳು. "ಯಾವ ಗೋಡೆ ಗಟ್ಟಿಯಾದಷ್ಟೂ ಒಳಗಿರುವವರಿಗೆ ಹೆದರಿಕೆ ಹೆಚ್ಚುತ್ತದೆ?"

ಬೀಚ ಸುತ್ತ ನೋಡಿದ. ಕಾವಲಿನವನು ಕಾವಲಿನವನನ್ನೇ ಕಾಯುತ್ತಿದ್ದ. ಮಂತ್ರಿ ಬಾಗಿಲಿಗೆ ಬೆನ್ನು ಕೊಡದೆ ಕೂತಿದ್ದ. ಅಷ್ಟರಲ್ಲಿ ಧೂಪ ಹಾಕುತ್ತಿದ್ದ ದಾಸಿಯ ಕೈ ತಪ್ಪಿ, ಕೆಂಡವೊಂದು ಸಿಡಿದು ರಾಜಕುಮಾರಿಯ ಹೊದಿಕೆಯ ಮೇಲೆ ಬಿತ್ತು. ಎಲ್ಲರೂ ದಾಸಿಯ ಕಡೆ ತಿರುಗಿ ಗದರಿದರು. ಮಂಚದ ಮೇಲೆ ದೊರೆ ಸಣ್ಣಗೆ ನರಳಿದ್ದು ಬೀಚನಿಗೆ ಮಾತ್ರ ಕೇಳಿಸಿತು. ರಾಜಕುಮಾರಿ ಕೆಂಡ ಕೊಡವಿದಳು. ಬಟ್ಟೆಯಲ್ಲಿ ತೂತಿರಲಿಲ್ಲ, ಕಪ್ಪು ಕಲೆಯೂ ಇರಲಿಲ್ಲ.

"ಅನುಮಾನ, ತಾಯಿ," ಎಂದ ಬೀಚ. "ಈ ಸಭೆಯಲ್ಲಿ ಎಲ್ಲರೂ ಅದರೊಳಗೇ ಇದ್ದಾರೆ. ನಾನೂ ಇದ್ದೇನೆ."

ರಾಜಕುಮಾರಿ ಮಂಚದ ಕಡೆ ತಿರುಗಿ ಮೂರನೆಯದನ್ನು ಕೇಳಿದಳು. "ನನ್ನ ತಂದೆಯ ಕಸುವನ್ನು ಉಂಡ ವಸ್ತು ಎಲ್ಲಿದೆ?"

"ಇದರ ಉತ್ತರ ನಿಮಗೂ ಗೊತ್ತಿಲ್ಲ, ಅಲ್ಲವೇ?"

"ಗೊತ್ತಿರುವವನೇ ಕಳ್ಳ. ಅವನನ್ನು ಹಿಡಿಯಲೆಂದೇ ಡಂಗುರ ಹೊಡೆಸಿದೆ."

ತಪ್ಪು ಹೇಳಿದರೂ ಸಾವು, ಸರಿ ಹೇಳಿದರೂ ಸಾವು. ಬೀಚ ಅಣ್ಣನನ್ನು ನೋಡಿದ. ಕೇತಯ್ಯ ಹೇಳಬೇಡವೆಂದು ತಲೆಯಾಡಿಸಿದ. ನಿಜವಾಗಿ ಕದ್ದಿದ್ದಾನೆಯೇ ಎಂದು ಒಂದು ಗಳಿಗೆ ಬೀಚನಿಗೂ ಅನುಮಾನ ಬಂತು. ಆದರೂ ಬಾಯಿಬಿಟ್ಟ.

"ನಿಮ್ಮ ಹೆಗಲ ಮೇಲಿದೆ, ತಾಯಿ. ಚೂರಿ ಒತ್ತಿ ನೋಡಿ. ಒತ್ತುವಾಗ ದೊರೆಯ ಮುಖ ನೋಡಿ."

ಅವಳು ಕಾವಲಿನವನ ಚೂರಿ ಕಿತ್ತುಕೊಂಡು ಹೊದಿಕೆಗೆ ಒತ್ತಿದಳು. ಚೂರಿಯ ಮೊನೆ ಬಾಗಿತು. ಮಂಚದಲ್ಲಿ ದೊರೆಯ ಮುಖ ಕಿವುಚಿಕೊಂಡಿತು. ಚೂರಿ ಅವಳ ಕೈಯಿಂದ ಜಾರಿತು.

"ಕೇತಯ್ಯನ ತಪ್ಪಿಲ್ಲ, ಮಗಳೇ," ಎಂದ ದೊರೆ, ಕೇಳಿಸಿಯೂ ಕೇಳಿಸದ ದನಿಯಲ್ಲಿ. "ನಾನೇ ಮಾಡಿಸಿದ್ದು. ಈ ಅರಮನೆಯಲ್ಲಿ ನಿನ್ನನ್ನು ಯಾರು ಕೊಲ್ಲುತ್ತಾರೋ ಎಂದು ಹೆದರಿದ್ದೆ. ಗೊತ್ತಾದರೆ ನೀನು ಹೊದಿಕೆ ಬಿಸುಡುತ್ತೀಯೆಂದು ನಾನೂ ಬಾಯಿಬಿಡಲಿಲ್ಲ, ಯಾರಿಗೂ ಹೇಳಕೂಡದೆಂದು ಅವನಿಂದಲೂ ಆಣೆ ಹಾಕಿಸಿಕೊಂಡೆ."

ರಾಜಕುಮಾರಿ ಸಂಕೋಲೆ ಬಿಚ್ಚಿಸಿದಳು. "ನೇಯ್ಗೆ ಕಳಚಿ, ತಾಯಿ," ಎಂದ ಕೇತಯ್ಯ ಮಣಿಕಟ್ಟು ಉಜ್ಜಿಕೊಳ್ಳುತ್ತಾ. "ಕಳಚಿದಷ್ಟೂ ಕಸುವು ಮರಳುತ್ತದೆ." ಅವಳು ನೆಲಕ್ಕೆ ಕೂತು ಅಂಚಿನಿಂದ ಎಳೆ ಎಳೆಯಾಗಿ ಬಿಚ್ಚಿದಳು. ನೂಲು ರಾಶಿ ಬಿದ್ದಂತೆ ದೊರೆಯ ಕೆನ್ನೆಗೆ ಬಣ್ಣ ಬಂತು. ಹೊತ್ತು ಇಳಿಯುವ ಮುಂಚೆ ಅವನು ಎದ್ದು ಕೂತ.

"ಏನು ಬೇಕು ಕೇಳು," ಎಂದಳು ರಾಜಕುಮಾರಿ.

"ಎಳೆದುಕೊಂಡು ಹೋದರಲ್ಲ, ಅವರಿಬ್ಬರ ತಲೆ ಉಳಿಸಿ. ಇನ್ನು ಮೇಲೆ ಗುಟ್ಟಾಗಿ ಯಾರ ಕಸುವನ್ನೂ ತೆಗೆಯಬಾರದೆಂದು ಕಟ್ಟಳೆ ಮಾಡಿ."

ಅವಳು ಎರಡಕ್ಕೂ ಒಪ್ಪಿದಳು. ಆ ಕಟ್ಟಳೆ ಕಾಯುವ ಅಧಿಕಾರವನ್ನು ಬೀಚನಿಗೇ ಕೊಟ್ಟು, ಎಲ್ಲರನ್ನೂ ಊಟಕ್ಕೆ ಎಬ್ಬಿಸಿದಳು. ಬಾಳೆಲೆ ಹಾಕಿ ಬಡಿಸಿದ ಕೂಡಲೆ, ವಿಷವಿದೆಯೋ ಎಂದು ರುಚಿ ನೋಡುವ ಆಳು ಎಂದಿನಂತೆ ಮುಂದೆ ಬಂದ.

"ನೀನೂ ಅಲ್ಲೇ ಕೂತು ಊಟ ಮಾಡು, ಹೋಗು," ಎಂದು ಚಾಗಲದೇವಿ ತಾನೇ ಮೊದಲ ತುತ್ತು ಬಾಯಿಗಿಟ್ಟಳು.