ಪಂಡಿತನ ಕೈಗುಣ

ಶಿಷ್ಯ ಕೇಳಿದ: "ಗುರುಗಳೇ, ಪೇಟೆಯ ಮಠದಲ್ಲಿ ಹಿರಿಯರು ಪ್ರವಚನ ಮಾಡುತ್ತಿದ್ದಾಗ ಮುಂದಿನ ಸಾಲೂ ತುಂಬುತ್ತಿರಲಿಲ್ಲ. ನಾನು ಅಲ್ಲಿಗೆ ಹೋಗಿ ಒಂದು ತಿಂಗಳಾಯಿತು. ಈಗ ಅಂಗಳ ಸಾಲದೆ ಜನ ಗೋಡೆಯ ಮೇಲೆ ಹತ್ತಿ ಕೂರುತ್ತಾರೆ. ಅವರು ಹೇಳಿದ್ದನ್ನೇ ನಾನೂ ಹೇಳುತ್ತಿದ್ದೇನೆ. ಹಾಗಾದರೆ ಇದು ನನ್ನ ನಾಲಿಗೆಯ ಗುಣವೇ?"

ಗುರುಗಳು ಅವನ ಮುಖ ನೋಡಿದರು. ಮುಖ ಬಹಳ ಹೊಳೆಯುತ್ತಿತ್ತು. ಅವರಿಗೆ ಅದು ಅಷ್ಟಾಗಿ ಹಿಡಿಸಲಿಲ್ಲ. ಕೂರಲು ಹೇಳಿ, ಈ ಕತೆ ಹೇಳಿದರು.

ಒಂದು ಊರಿನಲ್ಲಿ ಒಬ್ಬ ಪಂಡಿತನಿದ್ದ. ನಾಡಿ ನೋಡಿ, ಬೇರು ಸೊಪ್ಪಿನ ಔಷಧ ಕೊಡುವುದು ಅವನ ಕೆಲಸ. ಅವನ ತಂದೆಯೂ ಅದೇ ಕೆಲಸ ಮಾಡಿದವನು. ತಂದೆಯದು ದೊಡ್ಡ ಕೈಗುಣ. ಅವನು ಒಲೆಯ ಬೂದಿ ಕೊಟ್ಟರೂ ಜ್ವರ ಬಿಡುತ್ತದೆ ಎಂದು ಜನ ಹೇಳುತ್ತಿದ್ದರು. ಮಗ ತಂದೆಯಿಂದ ಎಲ್ಲವನ್ನೂ ಕಲಿತ. ಅದೇ ಬೇರನ್ನು ತಂದು, ಅದೇ ಕಲ್ಲಿನಲ್ಲಿ ಅರೆದು, ಅದೇ ಅಳತೆಯಲ್ಲಿ ಕೊಟ್ಟ. ರೋಗಿಗಳು ಔಷಧವನ್ನು ಕೈಯಲ್ಲಿ ಹಿಡಿದುಕೊಂಡು, "ದೊಡ್ಡವರು ಎಲ್ಲಿ?" ಎಂದು ಕೇಳುತ್ತಿದ್ದರು.

ತಂದೆ ಸಾಯುವಾಗ ಮಗನ ಬೆರಳುಗಳನ್ನು ಹಿಡಿದು ಬಹಳ ಹೊತ್ತು ನೋಡಿದ. "ವಿದ್ಯೆ ಎಲ್ಲಾ ಹೇಳ್ಕೊಟ್ಟಿದ್ದೀನಿ ಮಗಾ. ಕೈಗುಣ ಹೇಳ್ಕೊಡೋ ಹಾಗಿದ್ದಿದ್ರೆ ಅದನ್ನೂ ಹೇಳ್ಕೊಡ್ತಿದ್ದೆ" ಎಂದ. ಅವನು ಪ್ರೀತಿಯಿಂದಲೇ ಹೇಳಿದ್ದು. ಆದರೆ ಮಗನಿಗೆ ಆ ಮಾತು ಮುಳ್ಳಾಗಿ ಒಳಗೇ ಉಳಿಯಿತು.

ತಂದೆ ಹೋದ ಮೇಲೆ ಪಂಡಿತ ದಿನವೂ ಸ್ನಾನ ಮಾಡಿ, ವಿಭೂತಿ ಹಚ್ಚಿ, ಜಗಲಿಯಲ್ಲಿ ಕೂತು ಕಾಯುತ್ತಿದ್ದ. ರೋಗಿಗಳು ಪಕ್ಕದ ಊರಿಗೆ ಹೋಗುತ್ತಿದ್ದರು. ದಾರಿ ಕೇಳುವವರು ಮಾತ್ರ ಜಗಲಿ ಹತ್ತುತ್ತಿದ್ದರು. ಪಂಡಿತ ಅವರಿಗೂ ಮೊದಲು ನಾಡಿ ನೋಡಿ, ಆಮೇಲೆ ದಾರಿ ಹೇಳುತ್ತಿದ್ದ. ಅವನಿಗೆ ಹಣದ ಆಸೆ ಇರಲಿಲ್ಲ. ನಿಮ್ಮ ಕೈಗುಣ ಒಳ್ಳೆಯದು ಎಂದು ಯಾರಾದರೂ ಒಬ್ಬರು ಹೇಳಬೇಕಿತ್ತು. ಆ ಒಂದು ಮಾತಿಗಾಗಿ ಅವನು ಬದುಕಿದ್ದ.

ಹೀಗಿರುವಾಗ ಆ ಸೀಮೆಯ ದೊರೆಯ ಭಾವಮೈದ ಕುಡಿದು ಆನೆಯ ಮೇಲಿಂದ ಬಿದ್ದು ಕಾಲು ಮುರಿದುಕೊಂಡ. ಆನೆಯನ್ನು ಬಯ್ದು ಪ್ರಯೋಜನವಿರಲಿಲ್ಲ. ಭಾವಮೈದನನ್ನು ಬಯ್ದರೆ ರಾಣಿ ಸುಮ್ಮನಿರುತ್ತಿರಲಿಲ್ಲ. ದೊರೆ ಹೆಂಡವನ್ನು ಬಯ್ದ. ಸೀಮೆಗೆಲ್ಲ ಪಾನನಿಷೇಧವಾಯಿತು. ಹೆಂಡದಂಗಡಿಗಳಿಗೆ ಬೀಗ ಬಿತ್ತು. ಮಡಕೆಗಳನ್ನು ಬೀದಿಗೆ ತಂದು ಒಡೆದರು. ಗಡಿಯಲ್ಲೂ ಊರೂರ ದಾರಿಯಲ್ಲೂ ಕಾವಲು ಕೂತಿತು.

ಅಂಗಡಿ ಮುಚ್ಚಿತು. ಆದರೆ ಸಂಜೆ ಮೊದಲಿನ ಹಾಗೆಯೇ ಆಗುತ್ತಿತ್ತು. ಗಡಿಯಾಚೆಯಿಂದ ಹೆಂಡ ಕದ್ದು ಬರತೊಡಗಿತು. ಹುಲ್ಲಿನ ಗಾಡಿಯಲ್ಲಿ ಬಂತು. ಕಾವಲಿನವರು ಹುಲ್ಲಿಗೆ ಈಟಿ ಚುಚ್ಚಿ ನೋಡಿದರು. ಹಾಲಿನ ಕೊಡದಲ್ಲಿ ಬಂತು. ಕಾವಲಿನವರು ದಾರಿಯಲ್ಲಿ ಬಂದ ಹಾಲನ್ನೆಲ್ಲ ಕುಡಿದು ನೋಡಿದರು. ಮದುವೆಯ ದಿಬ್ಬಣದ ಕಳಶದಲ್ಲಿ ಬಂತು. ಕಾವಲಿನವರು ಮದುಮಗಳಿಗೆ ಕೈ ಮುಗಿದು ಕಳಶವನ್ನು ಮೂಸಿದರು.

ಪಂಡಿತನ ಊರಿನಲ್ಲಿ ಒಬ್ಬ ವ್ಯಾಪಾರಿಯಿದ್ದ. ಅವನು ಬೂದುಗುಂಬಳಕಾಯಿಯ ತೊಟ್ಟು ಕೊಯ್ದು, ತಿರುಳು ತೆಗೆದು, ಒಳಗೆ ಹೆಂಡ ತುಂಬಿ, ತೊಟ್ಟನ್ನು ಅರಗಿನಿಂದ ಅಂಟಿಸಿ ಗಾಡಿಯಲ್ಲಿ ತರುತ್ತಿದ್ದ. ಬಹಳ ದಿನ ಹೀಗೆಯೇ ನಡೆಯಿತು. ಒಂದು ಊರು ಇಷ್ಟೊಂದು ಕುಂಬಳಕಾಯಿ ತಿನ್ನುವುದು ಸಾಧ್ಯವೇ ಎಂದು ಕಾವಲಿನ ಅಧಿಕಾರಿಗೆ ಅನುಮಾನ ಬಂತು. ಅವನು ಒಂದೊಂದು ಕಾಯಿಯನ್ನೂ ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸತೊಡಗಿದ. ಅಲ್ಲಾಡಿಸಿ ಅಲ್ಲಾಡಿಸಿ ಅವನಿಗೆ ಅದು ಎಷ್ಟು ಕೈವಶವಾಯಿತೆಂದರೆ, ಯಾವ ಕಾಯಿ ಬಲಿತಿದೆ, ಯಾವುದು ಎಳೆಯದು ಎಂದು ಕೇಳಲು ಊರಿನ ಹೆಂಗಸರು ಅವನ ಬಳಿಗೇ ಬರುತ್ತಿದ್ದರು. ವ್ಯಾಪಾರಿ ಸಿಕ್ಕಿಬಿದ್ದ. ಕಾಯಿಗಳು ಒಡೆದವು. ಅವನ ಬೆನ್ನಿಗೆ ಛಡಿ ಏಟು ಬಿತ್ತು. ಆ ಭಯಕ್ಕೆ ಅವನಿಗೆ ಹೊಟ್ಟೆನೋವು ಹಿಡಿಯಿತು. ಈ ಹೊಟ್ಟೆನೋವು ನಿಜವಾದದ್ದು.

ಪಕ್ಕದ ಊರಿಗೆ ಹೋಗುವಷ್ಟು ತ್ರಾಣ ಅವನಿಗೆ ಇರಲಿಲ್ಲ. ಪಂಡಿತನ ಜಗಲಿಗೆ ಬಂದು ಬಿದ್ದ. ಪಂಡಿತ ನಾಡಿ ನೋಡಿ, ದ್ರಾಕ್ಷಾರಿಷ್ಟ ತಂದ. ಒಣದ್ರಾಕ್ಷಿಯ ಕಷಾಯಕ್ಕೆ ಬೆಲ್ಲ ಬೆರೆಸಿ, ಮಡಕೆಯ ಬಾಯಿಗೆ ಬಟ್ಟೆ ಕಟ್ಟಿ, ಮಣ್ಣು ಮೆತ್ತಿ, ತಿಂಗಳುಗಟ್ಟಲೆ ಹೊಟ್ಟಿನಲ್ಲಿ ಹೂತಿಟ್ಟು ಹುದುಗು ಬರಿಸಿದ ಔಷಧ ಅದು. ದೊರೆಯ ಅಪ್ಪಣೆಯಲ್ಲಿ ಔಷಧಕ್ಕೆ ಅಡ್ಡಿ ಇರಲಿಲ್ಲ. ಪಂಡಿತನಾದರೋ ಹುಟ್ಟಿದಾಗಿನಿಂದ ಹೆಂಡವನ್ನು ಬಾಯಿಗಿಟ್ಟವನಲ್ಲ. ಹೆಂಡದಂಗಡಿಯ ಬೀದಿಯಲ್ಲಿ ಮೂಗು ಮುಚ್ಚಿಕೊಂಡು ಓಡುತ್ತಿದ್ದವನು. ಯಾವುದು ಯಾವುದರ ಹಾಗಿದೆ ಎಂದು ಅವನಿಗೆ ತಿಳಿಯುವ ದಾರಿಯೇ ಇರಲಿಲ್ಲ.

ವ್ಯಾಪಾರಿ ಒಂದು ಒಳಲೆ ಕುಡಿದ. ಕಣ್ಣು ಮುಚ್ಚಿದ. ಕಣ್ಣು ತೆರೆದ. "ಪಂಡಿತರೇ, ನೋವು ಅಲ್ಲಾಡ್ತಾ ಇದೆ. ಇನ್ನೊಂದು ಕೊಟ್ರೆ ಹೊರಟೇ ಹೋಗುತ್ತೆ" ಎಂದ. ಇನ್ನೊಂದು ಕುಡಿದ. ಮೂರನೆಯದನ್ನು ತಾನೇ ಬಗ್ಗಿಸಿಕೊಂಡ. ಆಮೇಲೆ ಪಂಡಿತನ ಎರಡೂ ಕೈ ಹಿಡಿದುಕೊಂಡು, "ಎಂಥಾ ಕೈಗುಣ ಸ್ವಾಮಿ ನಿಮ್ದು" ಎಂದ.

ಪಂಡಿತ ಒಳಗೆ ಹೋಗಿ, ತಂದೆಯ ಅರೆಯುವ ಕಲ್ಲಿನ ಮುಂದೆ ಕೂತು ಅತ್ತ.

ಮಾರನೆಯ ದಿನ ವ್ಯಾಪಾರಿ ತನ್ನ ಅಣ್ಣನನ್ನು ಕರೆತಂದ. ಅಣ್ಣನಿಗೂ ಹೊಟ್ಟೆನೋವು. ಅಣ್ಣನ ಬೀಗರಿಗೆ ಸೊಂಟನೋವು. ವಾರ ಕಳೆಯುವುದರೊಳಗೆ ಊರಿನ ಗಂಡಸರೆಲ್ಲ ಹಾಸಿಗೆ ಹಿಡಿಯುವ ಸ್ಥಿತಿಗೆ ಬಂದರು. ವಿಚಿತ್ರವೆಂದರೆ, ಹಗಲೆಲ್ಲ ಹೊಲದಲ್ಲಿ ಗೇಯ್ದವರಿಗೆ ಹೊತ್ತು ಮುಳುಗುವ ಸಮಯಕ್ಕೆ ಸರಿಯಾಗಿ ನೋವು ಏಳುತ್ತಿತ್ತು. ರೋಗಿಗಳು ಬರುವಾಗ ಹುರಿಗಡಲೆ, ಉಪ್ಪಿನಕಾಯಿ ತರುತ್ತಿದ್ದರು. ಪಂಡಿತ ಕೇಳಿದರೆ ಪಥ್ಯ ಎನ್ನುತ್ತಿದ್ದರು. ಔಷಧ ಕುಡಿದವರು ಜಗಲಿಯಲ್ಲಿ ಒಬ್ಬರ ಹೆಗಲ ಮೇಲೊಬ್ಬರು ಕೈ ಹಾಕಿಕೊಂಡು ಹಾಡುತ್ತಿದ್ದರು. ನರಗಳಿಗೆ ಬಲ ಬಂದಿದೆ ಎಂದು ಪಂಡಿತ ಸಂತೋಷಪಟ್ಟ. ಮಡಕೆಯ ಬಾಯಿ ಬಿಚ್ಚುವ ದಿನ ಊರಿನಲ್ಲಿ ಕಾಯಿಲೆ ವಿಪರೀತವಾಗುತ್ತಿತ್ತು.

ವ್ಯಾಪಾರಿ ಕುಂಬಳಕಾಯಿ ಬಿಟ್ಟ. ಬೇರೆ ಊರುಗಳಲ್ಲೂ ಜನ ನರಳುತ್ತಿದ್ದಾರೆ, ನಿಮ್ಮ ಕೈಗುಣ ಅವರಿಗೂ ಸಿಗಲಿ ಎಂದು ಪಂಡಿತನನ್ನು ಬೇಡಿಕೊಂಡ. ಪಂಡಿತನ ಕರುಳು ಚುರಕ್ ಎಂದಿತು. ದೊಡ್ಡ ದೊಡ್ಡ ಮಡಕೆಗಳು ಬಂದವು. ಔಷಧ ಗಾಡಿಯಲ್ಲಿ ಊರೂರಿಗೆ ಹೋಯಿತು.

ಕಾವಲಿನ ಅಧಿಕಾರಿ ಮೂರ್ಖನಲ್ಲ. ಲಂಚ ಮುಟ್ಟುವವನೂ ಅಲ್ಲ. ಅವನು ಒಂದು ಸಂಜೆ ನೇರವಾಗಿ ಪಂಡಿತನ ಮನೆಗೆ ಬಂದು ಮಡಕೆಯ ಬಾಯಿಗೆ ಮೂಗು ಹಿಡಿದ. "ಇದೇನು?" ಎಂದ. ಜಗಲಿಯಲ್ಲಿ ಹಾಡು ನಿಂತಿತು. ಪಂಡಿತ ಅಧಿಕಾರಿಯ ಕೈ ಹಿಡಿದು ನಾಡಿ ನೋಡಿದ. "ನಿಮಗೆ ಊಟ ರುಚಿಸ್ತಾ ಇಲ್ಲ. ನಿದ್ದೆ ಸರಿಯಾಗಿ ಬರಲ್ಲ. ಮನಸ್ಸಿಗೆ ಬಹಳ ಬೇಜಾರಿದೆ" ಎಂದ.

ಅಧಿಕಾರಿಗೆ ನಿಜವಾಗಿಯೂ ಬೇಜಾರಿತ್ತು. ದಿನವೆಲ್ಲ ಬಿಸಿಲಿನಲ್ಲಿ ನಿಂತು ಕುಂಬಳಕಾಯಿ ಅಲ್ಲಾಡಿಸುವವನಿಗೆ ಬೇಜಾರಲ್ಲದೆ ಇನ್ನೇನಿರುತ್ತದೆ? ಜನರ ಬಾಯಲ್ಲಿ ಬಯ್ಗುಳ ಕೇಳಿದ್ದ. ನಿನಗೆ ಹೇಗಿದೆ ಎಂದು ಯಾರೂ ಕೇಳಿರಲಿಲ್ಲ. ಅವನ ಕಣ್ಣು ತುಂಬಿತು. ಪಂಡಿತ ಕೊಟ್ಟಿದ್ದನ್ನು ಕುಡಿದ. ಸ್ವಲ್ಪ ಹೊತ್ತು ಯೋಚಿಸಿದ. ಮತ್ತೆ ಕುಡಿದ. "ಇದು ಔಷಧವೇ" ಎಂದು ಎಲ್ಲರ ಮುಂದೆ ತೀರ್ಪು ಕೊಟ್ಟ. ಅಂದಿನಿಂದ ಔಷಧದ ಗಾಡಿ ಬಂದರೆ ಕಾವಲಿನವರು ಎದ್ದು ದಾರಿ ಬಿಡುತ್ತಿದ್ದರು.

ಪಂಡಿತ ಬದಲಾದ. ಮೊದಮೊದಲು ನಾಡಿ ನೋಡಿ ಕೊಡುತ್ತಿದ್ದ. ಆಮೇಲೆ ಮುಖ ನೋಡಿ ಕೊಟ್ಟ. ಕೊನೆಗೆ ನೋಡದೆಯೇ ಕೊಟ್ಟ. ತಂದೆ ಕೂಡಿಟ್ಟಿದ್ದ ಬೇರು, ಚೂರ್ಣಗಳ ಡಬ್ಬಿಗಳನ್ನು ಮುಟ್ಟಲಿಲ್ಲ. ಅಪ್ಪನ ಹೆಸರು ಎರಡು ಊರಿಗೆ ಗೊತ್ತಿತ್ತು, ನನ್ನದು ಸೀಮೆಗೇ ಗೊತ್ತು ಎಂದು ಒಂದು ದಿನ ಬಾಯಿಬಿಟ್ಟು ಹೇಳಿದ. ಅವನನ್ನು ನೋಡಿ ನಗುವುದು ಸುಲಭ. ಜೀವಮಾನವೆಲ್ಲ ಕಾದ ಮಾತು ದಿನವೂ ಕಿವಿಗೆ ಬೀಳುತ್ತಿದ್ದರೆ ಅದನ್ನು ಅನುಮಾನಿಸುವವರು ಯಾರು? ನನ್ನಿಂದಲೂ ಆಗುತ್ತಿರಲಿಲ್ಲ.

ಕೆಲವು ವರ್ಷಗಳಾದವು. ಭಾವಮೈದನ ಕಾಲು ಕೂಡಿತು. ಅವನು ಮತ್ತೆ ಆನೆ ಹತ್ತಿದ. ದೊರೆಯ ಕೋಪ ಇಳಿದದ್ದನ್ನು ನೋಡಿಕೊಂಡು ಬೊಕ್ಕಸದವರು ನಿಂತುಹೋದ ಹೆಂಡದ ಸುಂಕದ ಬಗ್ಗೆ ಒಂದು ಮಾತು ಹಾಕಿದರು. ನಿಷೇಧ ಹೋಯಿತು. ಡಂಗುರ ಸಾರಿದರು.

ಪಂಡಿತನಿಗೆ ಚಿಂತೆಯಾಯಿತು. ಇನ್ನು ಜನ ಕುಡಿದು ಕೆಡುತ್ತಾರೆ, ಕಾಯಿಲೆ ಎರಡರಷ್ಟಾಗುತ್ತದೆ ಎಂದುಕೊಂಡು ಹೆಚ್ಚಿನ ಮಡಕೆಗಳನ್ನು ಹೊರಗೆ ತೆಗೆಸಿ ಕಾದು ಕೂತ. ಸಂಜೆಯಾಯಿತು. ಒಬ್ಬನೂ ಬರಲಿಲ್ಲ. ಮಾರನೆಯ ದಿನವೂ ಬರಲಿಲ್ಲ. ಮೂರನೆಯ ದಿನ ಅವನಿಗೆ ಥಟ್ಟನೆ ಹೊಳೆಯಿತು. ಊರಿಗೆ ಊರೇ ವಾಸಿಯಾಗಿದೆ. ತಂದೆ ಒಬ್ಬೊಬ್ಬರನ್ನು ಗುಣಪಡಿಸಿದ, ನಾನು ಎಲ್ಲರನ್ನೂ ಒಂದೇ ಸಲ ಗುಣಪಡಿಸಿದೆ. ಆ ಸಂತೋಷವನ್ನು ಅವನಿಗೆ ಒಬ್ಬನೇ ತಡೆದುಕೊಳ್ಳಲಾಗಲಿಲ್ಲ. ಗುಣವಾದವರನ್ನು ಕಣ್ಣಾರೆ ನೋಡಬೇಕೆಂದು ಹೊರಟ.

ಮನೆಮನೆಗೆ ಹೋದ. ಗಂಡಸರು ಮನೆಯಲ್ಲಿರಲಿಲ್ಲ. ಹುಡುಕುತ್ತಾ ಹುಡುಕುತ್ತಾ ಹೆಂಡದಂಗಡಿಯ ಬೀದಿಗೆ ಬಂದ. ಅಂಗಡಿಯೊಳಗೆ ಅವನ ರೋಗಿಗಳೆಲ್ಲ ಇದ್ದರು. ಅದೇ ಹುರಿಗಡಲೆ, ಅದೇ ಉಪ್ಪಿನಕಾಯಿ, ಅದೇ ಹಾಡು. ಮೂಲೆಯಲ್ಲಿ ಅಧಿಕಾರಿಯೂ ಇದ್ದ. ನಡುವೆ ವ್ಯಾಪಾರಿ ಕೂತಿದ್ದ.

ಪಂಡಿತ ಬಾಗಿಲಲ್ಲೇ ನಿಂತು, "ಹೊಟ್ಟೆನೋವು ಹೇಗಿದೆಯಪ್ಪ?" ಎಂದ.

"ಯಾವ ಹೊಟ್ಟೆನೋವು ಸ್ವಾಮಿ?" ಎಂದ ವ್ಯಾಪಾರಿ.

ಹಾಡು ನಿಂತಿತು. ಯಾರೂ ನಗಲಿಲ್ಲ. ಅವರಿಗೆ ಪಂಡಿತನ ಮೇಲೆ ಪ್ರೀತಿಯಿತ್ತು. ವ್ಯಾಪಾರಿ ತನ್ನ ತಪ್ಪು ಗೊತ್ತಾಗಿ ಎದ್ದು ನಿಂತ. ಸಮಾಧಾನ ಹೇಳಬೇಕೆಂದು ಹತ್ತಿರ ಬಂದು, "ನಿಮ್ಮ ಔಷಧದಲ್ಲಿ ಏನೂ ದೋಷ ಇರ್ಲಿಲ್ಲ ಪಂಡಿತರೇ. ಸ್ವಲ್ಪ ಸಿಹಿ ಜಾಸ್ತಿ ಆಗಿತ್ತು, ಅಷ್ಟೇ" ಎಂದ.

ಪಂಡಿತ ತನ್ನ ಕೈಗಳನ್ನು ನೋಡಿಕೊಂಡ. ಮನೆಗೆ ಬಂದ. ಇಷ್ಟು ವರ್ಷ ಊರು ತನ್ನನ್ನು ನೋಡಿ ನಕ್ಕಿರಬಹುದು ಎನ್ನುವ ಅವಮಾನಕ್ಕಿಂತ, ತಂದೆಯ ಬಗ್ಗೆ ತಾನು ಆಡಿದ ಮಾತು ಅವನನ್ನು ಹೆಚ್ಚು ಸುಟ್ಟಿತು.

ಜಗಲಿಯ ಮೇಲೆ ಒಬ್ಬ ಮುದುಕಿ ಕೆಮ್ಮುತ್ತಾ ಕೂತಿದ್ದಳು. "ಅಂತೂ ಇವತ್ತು ಗಲಾಟೆ ಇಲ್ಲ. ಎಷ್ಟೋ ಸಲ ಬಂದೆ ಕಣಪ್ಪ, ನಿನ್ನ ರೋಗಿಗಳ ಕುಣಿತ ನೋಡಿ ಹೆದರ್ಕೊಂಡು ವಾಪಸ್ ಹೋದೆ" ಎಂದಳು. ಪಂಡಿತ ಅವಳ ಕೈ ಹಿಡಿದ. ನಾಡಿ ನೋಡಿದ. ಒಳಗೆ ಹೋಗಿ ಡಬ್ಬಿಗಳನ್ನು ತೆರೆದ. ಎಲ್ಲಕ್ಕೂ ಹುಳ ಹಿಡಿದಿತ್ತು. ಬೇಲಿಗೆ ಹೋಗಿ ಆಡುಸೋಗೆ ಸೊಪ್ಪು ಕಿತ್ತು ತಂದು, ತಂದೆ ಹೇಳಿಕೊಟ್ಟ ಹಾಗೆ ಕಷಾಯ ಕಾಸಿ ಕೊಟ್ಟ. ಮುದುಕಿ ಕುಡಿದು, ಮುಖ ಕಿವುಚಿ, ಇಂಥ ಕಹಿಯನ್ನು ಮನುಷ್ಯರಿಗೆ ಕೊಡುತ್ತಾರೆಯೇ ಎಂದು ಬಯ್ದು ಹೋದಳು. ಕೈಗುಣದ ಮಾತೆತ್ತಲಿಲ್ಲ.

ಗುರುಗಳು ಕತೆ ನಿಲ್ಲಿಸಿದರು.

"ಅವಳ ಕೆಮ್ಮು ವಾಸಿಯಾಯಿತೇ ಗುರುಗಳೇ?" ಎಂದು ಶಿಷ್ಯ ಕೇಳಿದ.

"ನನಗೆ ತಿಳಿಯದು. ಮಾರನೆಯ ದಿನ ಬಯ್ದುಕೊಂಡೇ ಮತ್ತೆ ಬಂದಳು. ಅಷ್ಟು ಗೊತ್ತು."

ಶಿಷ್ಯ ತಲೆದೂಗಿದ. ಕತೆ ಅವನಿಗೆ ಬಹಳ ಹಿಡಿಸಿತು. "ಪಾಪ, ಆ ಪಂಡಿತ. ನನ್ನ ಪುಣ್ಯ, ನನ್ನ ಪ್ರವಚನಕ್ಕೆ ಬರುವವರಲ್ಲಿ ಕುಡುಕರಿಲ್ಲ. ಎಲ್ಲರೂ ಭಕ್ತರೇ" ಎಂದ.

ಗುರುಗಳು ಹೇಳಿದರು: "ನೀನು ಹೋದಂದಿನಿಂದ ಪ್ರವಚನದ ನಂತರ ಬಡಿಸುತ್ತಿರುವ ಹೋಳಿಗೆ ಊಟವನ್ನು ನಾಳೆ ಒಂದು ದಿನ ನಿಲ್ಲಿಸಿ ನೋಡು, ಮರಿ."