ಬಂಡೆಯ ಮೇಲಿನ ಪಾಠ

ಮನೆಯ ಹೊಸ್ತಿಲು ದಾಟುವುದೂ ಫಕೀರವ್ವನ ಕೈಲಾಗದು ಎಂದು ಮೊದಲು ಹೇಳಿದವನು ಅವಳ ಸ್ವಂತ ಅಣ್ಣ. ಆಮೇಲೆ ಬಾವಿಕಟ್ಟೆಯ ಹೆಂಗಸರು ಹೇಳಿದರು. ಪಾಠ ಕಲಿಯಲೆಂದು ದೋಣಿ ಹತ್ತಿ ಹೋದಾಗ, ಹೊಳೆಯಾಚೆಯ ಆಶ್ರಮದ ಶಿಷ್ಯರು ನಗುತ್ತಲೇ ಹೇಳಿದರು: "ತಂಗೀ, ಇಲ್ಲಿ ಪಾಠ ನಡಿಯೂದು ಬಂಡಿಗಲ್ಲಿನ ಮ್ಯಾಲ."

ಆಶ್ರಮದ ಕಟ್ಟಳೆ ಹಳೆಯದು. ಬಂಡೆಯಲ್ಲಿ ಕಡಿದ ಮೆಟ್ಟಿಲುಗಳನ್ನು ಯಾರ ಆಸರೆಯೂ ಇಲ್ಲದೆ ಹತ್ತಿ ಬಂದವರಿಗಷ್ಟೇ ಗುರುವಿನ ಪಾಠ. ಆ ಗುರುವನ್ನು ಎಲ್ಲರೂ ಅಜ್ಜ ಎಂದೇ ಕರೆಯುತ್ತಿದ್ದರು.

ಫಕೀರವ್ವ ಅಂಗೈ ಊರಿ, ಎಳೆತನದಲ್ಲೇ ಸೊರಗಿದ ಕಾಲುಗಳನ್ನು ಎಳೆದುಕೊಂಡು ಹತ್ತಿದಳು. ಹಿಂದೆ ಮೆಟ್ಟಿಲ ಮೇಲೆ ರಕ್ತದ ಗೆರೆ ಉಳಿಯಿತು.

ಬರಬರುತ್ತ ಅಂಗೈ ಗೊರಸಿನಷ್ಟು ಗಟ್ಟಿಯಾಯಿತು. ಅವಳು ಹಿರಿಯ ಶಿಷ್ಯೆಯಾದಳು. ಭಕ್ತರು ಮಕ್ಕಳಿಗೆ ಅವಳನ್ನು ತೋರಿಸಿ, "ಛಲ ಅಂದ್ರ ಹಿಂಗಿರಬೇಕು" ಎನ್ನುತ್ತಿದ್ದರು. ಆ ಮಾತು ಕಿವಿಗೆ ಬಿದ್ದಾಗ ಅವಳ ಬೆನ್ನು ನೆಟ್ಟಗಾಗುತ್ತಿತ್ತು.

ಒಂದು ಬೇಸಿಗೆಯಲ್ಲಿ ಹುಲಿಗೆವ್ವ ಬಂದಳು. ಅವಳಿಗೂ ಕಾಲಲ್ಲಿ ಬಲವಿರಲಿಲ್ಲ. ಗಾಲಿ ಹಚ್ಚಿದ ಹಲಗೆಯ ಮೇಲೆ ಕೂತು, ಎರಡೂ ಕೈಯಿಂದ ನೆಲ ತಳ್ಳುತ್ತ ಬಂದಳು. ನೇಕಾರರ ಮನೆಗಳಿಗೆ ಮಗ್ಗದ ಕಂಡಿಕೆಗೆ ನೂಲು ಸುತ್ತಿಕೊಟ್ಟು ಹೊಟ್ಟೆ ಹೊರೆಯುವವಳು.

ಅವಳ ಊರಿನಲ್ಲಿ ಮನೆ ಕಟ್ಟುವ ಗೌಂಡಿಯೊಬ್ಬ ಜೊತೆಗಿದ್ದ. ಬಂಡೆಯನ್ನು ಒಂದು ಸುತ್ತು ಬಂದು ಹೇಳಿದ: "ಅಜ್ಜಾರ, ಈ ಕಡಿಂದ ಇಳಿಜಾರು ದಾರಿ ಕಟ್ಟಿಕೊಡ್ತೀನಿ. ಹಲಗಿ ಸೀದಾ ಮ್ಯಾಲ ಬರತೈತಿ."

ಅಜ್ಜ ಫಕೀರವ್ವನತ್ತ ತಿರುಗಿದ. "ನೀ ಹೇಳವಾ. ಹತ್ತೂದಂದ್ರ ಏನು ಅಂತ ನಿನಗ ಗೊತ್ತು."

"ಬ್ಯಾಡ್ರಿ," ಎಂದಳು ಫಕೀರವ್ವ. "ನನಗ ಯಾರು ಕಟ್ಟಿಕೊಟ್ಟಿದ್ರು? ನಾ ಹತ್ತೀನಿ, ಆಕೀನೂ ಹತ್ತಲಿ. ಪುಕ್ಕಟೆ ಸಿಕ್ಕದ್ದಕ್ಕ ಏನ್ ಕಿಮ್ಮತ್ತು?"

"ಅಕ್ಕಾ, ನಿನ್ನ ಸುದ್ದಿ ಕೇಳೇ ನಾ ಬಂದೀನಿ," ಎಂದಳು ಹುಲಿಗೆವ್ವ. "ಆದರ ನಾಳೆ ಈ ಕೈ ನೂಲು ಸುತ್ತಬೇಕಲ್ಲ."

"ನೆವ ಹೇಳಾವ್ರಿಗೆ ದೋಣಿ ಇನ್ನೂ ಅಲ್ಲೇ ನಿಂತೈತಿ."

ಹುಲಿಗೆವ್ವ ಹಲಗೆಯಿಂದ ಇಳಿದಳು.

ಬಂಡೆ ಹೆಂಚಿನಂತೆ ಕಾದಿತ್ತು. ಅರ್ಧಕ್ಕೆ ಬರುವಷ್ಟರಲ್ಲಿ ಅಂಗೈಯ ಚರ್ಮ ಸುಲಿಯಿತು. ಅಲ್ಲಿಂದ ಜಾರಿ ಬುಡಕ್ಕೆ ಬಂದು ಬಿದ್ದಳು. ಯಾರೂ ಹಿಡಿಯಲಿಲ್ಲ. ಹಿಡಿಯುವುದು ಕಟ್ಟಳೆಯಲ್ಲಿರಲಿಲ್ಲ.

ಮಳೆಗಾಲದಲ್ಲಿ ದೋಣಿಯವನು ಸುದ್ದಿ ತಂದ. ಗಾಯ ಕೊಳೆತು, ಹುಲಿಗೆವ್ವನ ಬಲಗೈಯನ್ನು ಮೊಣಕೈವರೆಗೆ ಕತ್ತರಿಸಿದ್ದರು. ಈಗ ಅವಳು ನೆಲ ತಳ್ಳಿದರೆ ಹಲಗೆ ಮುಂದೆ ಹೋಗುವುದಿಲ್ಲ, ನಿಂತಲ್ಲೇ ಸುತ್ತುತ್ತದೆ.

ಮರುದಿನ ಅಜ್ಜ ಬಂಡೆ ಹತ್ತಲಿಲ್ಲ. ಕೆಳಗೆ, ದೋಣಿ ಬಂದು ನಿಲ್ಲುವ ದಾರಿಯ ಬದಿಯಲ್ಲೇ ಕೂತು ಪಾಠ ಶುರುಮಾಡಿದ. ಶಿಷ್ಯರೆಲ್ಲ ಅಲ್ಲೇ ಕೂತರು.

ಫಕೀರವ್ವ ಒಬ್ಬಳೇ ಮೇಲೆ ಕಾದಳು. ಅಜ್ಜನ ದನಿ ಕೇಳುತ್ತಿತ್ತು, ಮಾತು ತಿಳಿಯುತ್ತಿರಲಿಲ್ಲ. ಕಡೆಗೆ ಅಂಗೈ ಊರಿ ಇಳಿದು ಬಂದಳು.

"ಅಜ್ಜಾರ, ನನ್ನ ಬಿಟ್ಟು ಪಾಠ ಮಾಡಿದ್ರಿ."

"ಇಳಿದು ಬರಬ್ಯಾಡ ಅಂತ ಯಾರೂ ಅಂದಿಲ್ಲ."

"ಕಟ್ಟಳಿ ಎಲ್ಲಾರಿಗೂ ಒಂದ ಅಲ್ಲೇನ್ರಿ? ನನ್ನ ತಪ್ಪೇನು?"

ಅಜ್ಜ ಅವಳ ಅಂಗೈ ತಿರುಗಿಸಿ ನೋಡಿದ. "ಅವತ್ತು ನಿನ್ನ ಯಾಕ ಕೇಳಿದೆ ಗೊತ್ತೇನು? ಈ ಕೈ ಇದ್ದಾಕಿ ಇನ್ನೊಂದು ಕೈ ಹಿಂಗಾಗಾಕ ಬಿಡೂದಿಲ್ಲ ಅಂತ."

"ನೀವೂ ಸುಮ್ಮನ ಕುಂತಿದ್ರಿ."

"ಕುಂತಿದ್ದೆ. ಅದಕ್ಕ ಇನ್ನ ಆ ಬಂಡಿಗಲ್ಲಿನ ಮ್ಯಾಲ ಕೂಡೂದಿಲ್ಲ."

ಫಕೀರವ್ವ ಬಂಡೆಯತ್ತ ಕೈ ತೋರಿದಳು. "ಹಂಗಾದ್ರ ನಾ ಇಷ್ಟು ವರ್ಷ ಗಳಿಸಿದ್ದೇನ್ರಿ?"

"ಆ ಮೆಟ್ಟಿಲು. ಅಷ್ಟೂ ಈಗ ನಿನ್ನವ, ಮಗಳ," ಎಂದ ಅಜ್ಜ. "ಹುಲಿಗೆವ್ವನ ಕೈಯನ್ನ ಕಿಮ್ಮತ್ತಾಗಿ ಕೊಟ್ಟು ಅವನ್ನ ಕೊಂಡೀದಿ."